ಮಾತಾಡದ ಮುಖ್ಯ ಅತಿಥಿ

ನಮ್ಮ ಆಫೀಸಿನಲ್ಲಿ ಇಂಥದ್ದು ವಾರಕ್ಕೊಂದಾದರೂ ಆಗುತ್ತಲೇ ಇರುತ್ತದೆ. ಯಾವುದಾದರೂ ವಾರ ಏನೂ ಆಗಲಿಲ್ಲವೆಂದರೆ ಆ ವಾರ ಡೈರೆಕ್ಟರು ರಜೆಯಲ್ಲಿದ್ದರು ಎಂದರ್ಥ.

ನಾನು ಕೆಲಸ ಮಾಡುವುದು ಡೆಟ್ರಾಯಿಟ್ ಪಕ್ಕದ ಒಂದು ಕಲಾಕೇಂದ್ರದಲ್ಲಿ. ಮೊದಲು ಆ ಕಟ್ಟಡದಲ್ಲಿ ಕಾರಿನ ಬ್ರೇಕ್ ತಯಾರಾಗುತ್ತಿತ್ತಂತೆ. ಈಗ ಕಲೆ ತಯಾರಾಗುತ್ತದೆ. ಬಂದವರಿಗೆ "ದಯವಿಟ್ಟು ಮುಟ್ಟಬೇಡಿ" ಅನ್ನುವುದು ನನ್ನ ಕೆಲಸ. ಮೈಸೂರಿನ ಕಾಲೇಜಿನಲ್ಲಿ ಐದು ವರ್ಷ ಕಾಮರ್ಸ್ ಪಾಠ ಹೇಳಿದವಳಿಗೆ ಇದು ಬಡ್ತಿಯೋ ಹಿಂಬಡ್ತಿಯೋ ಎಂದು ನಮ್ಮತ್ತೆ ಈಗಲೂ ವಿಡಿಯೋ ಕಾಲ್‌ನಲ್ಲಿ ಕೇಳುತ್ತಾರೆ. ಆದರೆ ಕೆಲಸ ಮಾಡಲು ಬಿಡದ ವೀಸಾ ದೆಸೆಯಿಂದ ಎಂಟು ವರ್ಷ ನೋವೈ ಎಂಬ ಊರಿನ ಮನೆಯಲ್ಲಿ ಇಂಥವರ ಹೆಂಡತಿ, ಇಂಥವಳ ತಾಯಿ ಅಂತಲೇ ಕೂತಿದ್ದ ನನಗೆ, ಕುತ್ತಿಗೆಗೆ ನನ್ನದೇ ಹೆಸರಿನ ಬಿಲ್ಲೆ ಬಿದ್ದ ದಿನ ಕಣ್ಣಲ್ಲಿ ನೀರು ಬಂದಿತ್ತು. ಒಂದೇ ಕೊರತೆ, ಅದು ಒಂದು ವರ್ಷದ ಗುತ್ತಿಗೆ ಕೆಲಸ. ವರ್ಷ ಮುಗಿಯುವುದಕ್ಕೆ ಮೂರು ತಿಂಗಳಿದ್ದಾಗ ಡೈರೆಕ್ಟರು ಕರೆದು ಹೇಳಿದರು, "ಫಿನ್‌ಲ್ಯಾಂಡಿನಿಂದ ದೊಡ್ಡ ಕಲಾವಿದೆ ಬರುತ್ತಿದ್ದಾರೆ. ಪರ್ಫಾರ್ಮೆನ್ಸ್, ವಿಡಿಯೋ, ವಸ್ತು ಜೋಡಿಸಿಡುವ ಇನ್‌ಸ್ಟಲೇಷನ್ ಮೂರೂ ಮಾಡುತ್ತಾರೆ. ಅವರ ಜವಾಬ್ದಾರಿ ನಿಮ್ಮದು. ಎಲ್ಲ ಸುಸೂತ್ರ ನಡೆದರೆ ನಿಮ್ಮನ್ನು ಪರ್ಮನೆಂಟ್ ಮಾಡೋಣ."

ಸುಸೂತ್ರ ಅನ್ನುವ ಮಾತಿಗೂ ನನಗೂ ಅಷ್ಟಕ್ಕಷ್ಟೆ. ಆದರೂ ತಲೆಯಾಡಿಸಿದೆ.

ಇಪ್ಪತ್ತೈದು ಮೈಲಿ

ಜನವರಿಯಲ್ಲಿ ಏರ್‌ಪೋರ್ಟಿಗೆ ನಾನೇ ಹೋದೆ. ಐವತ್ತು ದಾಟಿದ ಎತ್ತರದ ಹೆಂಗಸು, ಬೂದು ಕೋಟು, ಒಂದೇ ಒಂದು ಚೀಲ. ಕೈ ಕುಲುಕಿ ಕಾರಿನಲ್ಲಿ ಕೂತರು, ಅಷ್ಟೆ. ಆಮೇಲೆ ಬಾಯಿ ಬಿಡಲಿಲ್ಲ.

ಕಾರಿನಲ್ಲಿ ಇಬ್ಬರಿದ್ದು ಇಬ್ಬರೂ ಸುಮ್ಮನಿದ್ದರೆ ನಮ್ಮ ಕಡೆ ಅದಕ್ಕೆ ಜಗಳ ಅನ್ನುತ್ತಾರೆ. ಹಾಗಾಗಿ ಆಕೆಯ ಪಾಲಿನ ಮಾತನ್ನೂ ನಾನೇ ವಹಿಸಿಕೊಂಡೆ. ಪ್ರಯಾಣ ಹೇಗಿತ್ತು ಎಂದು ಕೇಳಿ, ನಾನೇ "ಚೆನ್ನಾಗಿತ್ತು ಅನ್ಸುತ್ತೆ" ಎಂದೆ. ಈ ವರ್ಷದ ಚಳಿ, ಮನೆ ಬಿಸಿ ಮಾಡುವ ಫರ್ನೇಸ್ ಕೆಟ್ಟದ್ದು, ಮಗಳ ಭರತನಾಟ್ಯ, ನನ್ನ ಗಂಡ ಕಾರಿನ ಸೀಟ್‌ಬೆಲ್ಟ್ ವಿಭಾಗದಲ್ಲಿದ್ದರೂ ಬೆಲ್ಟ್ ಹಾಕಲು ಮರೆಯುವುದು, ನಾದಿನಿಯ ಎರಡನೇ ಬಾಣಂತನ, ಎಲ್ಲ ಹೇಳಿದೆ. ಆಕೆ ನೇರ ರಸ್ತೆ ನೋಡುತ್ತ ಕೂತಿದ್ದರು. ಹೈವೇ ಇಳಿಯುವ ಎಕ್ಸಿಟ್ ಬರುವ ಹೊತ್ತಿಗೆ ಹೇಳಲು ಏನೂ ಉಳಿದಿರಲಿಲ್ಲ, ನನ್ನ ಥೈರಾಯ್ಡ್ ರಿಪೋರ್ಟಿಗೆ ಬಂದಿದ್ದೆ.

ಡೈರೆಕ್ಟರು ಬಾಗಿಲಲ್ಲೇ ಕಾದಿದ್ದರು. "ನಮ್ಮ ಸಹಾಯಕಿ ನಿಮ್ಮನ್ನು ಚೆನ್ನಾಗಿ ನೋಡಿಕೊಂಡರಾ?" ಎಂದರು. ಕಲಾವಿದೆ ನನ್ನ ಕಡೆ ತಿರುಗಿ, ತುಂಬ ಗೌರವದಿಂದ ತಲೆ ಬಾಗಿಸಿ ಹೇಳಿದರು.

"ಇವರೂ ಪರ್ಫಾರ್ಮೆನ್ಸ್ ಕಲಾವಿದೆಯೇ ಎಂದು ನೀವು ಮೊದಲೇ ಹೇಳಬೇಕಿತ್ತು. ನಾನು ನಡುವೆ ಬಾಯಿ ಹಾಕದೆ ಪೂರ್ತಿ ನೋಡಿದೆ."

ನಮ್ಮ ಲೇಕು

ಆಕೆಗೆ ಒಂದು ವಿಡಿಯೋ ಬೇಕಿತ್ತು. ಹೆಪ್ಪುಗಟ್ಟಿದ ಸರೋವರಕ್ಕೆ ತೂತು ಕೊರೆದು, ಅದರೊಳಗೆ ಕತ್ತಿನವರೆಗೆ ಇಳಿದು ಹನ್ನೊಂದು ನಿಮಿಷ ಸುಮ್ಮನೆ ಕೂರುವುದು. ಅವರ ಊರಲ್ಲಿ ಇದು ನಮ್ಮಲ್ಲಿ ಸಂಜೆ ಕಾಫಿ ಕುಡಿದ ಹಾಗಂತೆ. ಸರ್ಕಾರದ ಸರೋವರಗಳಿಗೆ ಪರ್ಮಿಷನ್ ಸಿಗುವಷ್ಟರಲ್ಲಿ ಬೇಸಿಗೆ ಬರುತ್ತಿತ್ತು. ಆಗ ಡೈರೆಕ್ಟರು, "ನಿಮ್ಮ ಮನೆ ಹಿಂದೆ ಲೇಕ್ ಇದೆ ಅಂತಿದ್ರಲ್ಲ?" ಎಂದು ನನ್ನ ಜುಟ್ಟು ಹಿಡಿದರು.

ಇಲ್ಲಿ ಒಂದು ಸತ್ಯ ಹೇಳಬೇಕು. ನಮ್ಮ ಸಬ್‌ಡಿವಿಷನ್ನಿನಲ್ಲಿ, ಅಂದರೆ ಬಡಾವಣೆಯಲ್ಲಿ, ಇರುವುದು ಲೇಕಲ್ಲ. ಮಳೆ ಬಂದಾಗ ರಸ್ತೆಯ ನೀರೆಲ್ಲ ಹರಿದು ನಿಲ್ಲಲಿ ಎಂದು ಬಿಲ್ಡರ್ ತೋಡಿದ ಗುಂಡಿ. ಅವನು ಬ್ರೋಷರಿನಲ್ಲಿ 'ಲೇಕ್ ವ್ಯೂ' ಎಂದು ಹಾಕಿದ, ನಾವು ಗೃಹಪ್ರವೇಶದ ದಿನ ಊರಿಗೆಲ್ಲ ಫೋಟೋ ಕಳಿಸಿದೆವು. ಎಂಟು ವರ್ಷ ಸಾಕಿದ ಸುಳ್ಳನ್ನು ಡೈರೆಕ್ಟರ ಮುಂದೆ ಬಿಟ್ಟುಕೊಡುವುದು ಹೇಗೆ? "ಬನ್ನಿ, ಇದೆ" ಎಂದೆ.

ಶನಿವಾರ ಬೆಳಿಗ್ಗೆ ಸೊನ್ನೆಗಿಂತ ಹದಿಮೂರು ಡಿಗ್ರಿ ಕೆಳಗೆ. ನನ್ನ ಗಂಡ ಹಿಮ ಕೊರೆಯುವ ಯಂತ್ರ ಹಿಡಿದು, "ಏನೇ ಇದು, ನಿನ್ನ ಕೆಲಸ ಉಳೀಬೇಕು ಅಂದ್ರೆ ನಾನು ಗುಂಡಿ ತೋಡ್ಬೇಕಾ?" ಎಂದು ಗೊಣಗುತ್ತ ತೂತು ಮಾಡಿದರು. ಕಲಾವಿದೆ ಈಜುಡುಗೆಯಲ್ಲಿ ಹಸಿರು ಬಣ್ಣದ ಮರದ ಏಣಿ ಹಿಡಿದು ಇಳಿದರು. ನೀರು ಸೊಂಟದ ಹತ್ತಿರ ನಿಂತಿತು. ಮುಖದಲ್ಲಿ ಏನೂ ತೋರಿಸದೆ, ಕೆಳಗೆ ಚಕ್ಕಳಮಕ್ಕಳ ಹಾಕಿ ಕೂತು ಕತ್ತಿನವರೆಗೆ ಮುಳುಗಿದರು. ಮಗಳು ಕಿಟಕಿಯಿಂದ "ಅಮ್ಮಾ, ದಿಸ್ ಈಸ್ ಸೋ ಎಂಬ್ಯಾರಸಿಂಗ್" ಎಂದು ಕೂಗಿ ಪರದೆ ಎಳೆದಳು.

ಆರನೇ ನಿಮಿಷಕ್ಕೆ ಅಗ್ನಿಶಾಮಕ ದಳ ಬಂತು. ಯಾವುದೋ ಮನೆಯವರು ಹೆಂಗಸೊಬ್ಬಳು ಗುಂಡಿಗೆ ಬಿದ್ದಿದ್ದಾಳೆಂದು ತುರ್ತು ನಂಬರ್ 911ಕ್ಕೆ ಫೋನ್ ಮಾಡಿದ್ದರು. ನಾಲ್ಕು ಜನ ಹಗ್ಗ ಹಿಡಿದು ಹಿಮದ ಮೇಲೆ ತೆವಳುತ್ತ ಹೋದರು. ಕಲಾವಿದೆ ಹನ್ನೊಂದು ನಿಮಿಷ ಆಗುವವರೆಗೆ ಏಳಲಿಲ್ಲ. ಹಗ್ಗ ಕಟ್ಟಿಸಿಕೊಂಡೇ ಕೂತಿದ್ದು, ಸಮಯ ಮುಗಿದ ಮೇಲೆ ತಾವೇ ಎದ್ದು ಏಣಿ ಹತ್ತಿದರು. ದಳದ ಮುಖ್ಯಸ್ಥರು ನನ್ನನ್ನು "ಇವರು ಏನು ಮಾಡ್ತಿದ್ರು?" ಎಂದು ಕೇಳಿದರು. "ಕಲೆ" ಎಂದೆ. ಅವರ ಫಾರಂನಲ್ಲಿ ಬೆಂಕಿ, ಅಪಘಾತ, ಮರದ ಮೇಲಿನ ಬೆಕ್ಕು ಎಲ್ಲ ಇತ್ತು, ಇದಕ್ಕೆ ಜಾಗ ಇರಲಿಲ್ಲ. 'ಇತರೆ' ಎಂದು ಗುರುತು ಹಾಕಿದರು.

ಮರುವಾರ ಸಬ್‌ಡಿವಿಷನ್ನಿನ ಮನೆಮಾಲೀಕರ ಸಂಘದಿಂದ ಪತ್ರ ಬಂತು. ದಂಡ ಎಷ್ಟೋ ಎಂದು ಒಡೆದೆ. ತೂತಿನ ಬಗ್ಗೆ ಒಂದು ಅಕ್ಷರ ಇರಲಿಲ್ಲ. ನೀರಲ್ಲಿ ಕೂತ ಹೆಂಗಸಿನ ಬಗ್ಗೆ ಇರಲಿಲ್ಲ. ಅಗ್ನಿಶಾಮಕ ವಾಹನದ ಬಗ್ಗೆಯೂ ಇರಲಿಲ್ಲ. "ಕಳೆದ ಶನಿವಾರ ತಮ್ಮ ಹಿತ್ತಲ ಬಳಿ ಕಂಡುಬಂದ ಏಣಿಯ ಹಸಿರು ಬಣ್ಣವು ನಮ್ಮ ಅನುಮೋದಿತ ಬಣ್ಣಗಳ ಪಟ್ಟಿಯಲ್ಲಿ ಇರುವುದಿಲ್ಲ" ಎಂದಿತ್ತು.

ಬೂಟಿನ ಸೇವೆ

ಫೆಬ್ರವರಿಯಲ್ಲಿ ಚಿಕಾಗೋದಲ್ಲಿ ಆಕೆಯ ಉಪನ್ಯಾಸ ಇತ್ತು. ಡ್ರೈವ್ ಮಾಡಿದ್ದು ನಾನೇ. ಉಪನ್ಯಾಸ ಮುಗಿದ ಮರುದಿನ, ಇಷ್ಟು ದೂರ ಬಂದು ದೇವರ ಮುಖ ನೋಡದೆ ಹೋಗುವುದು ಹೇಗೆಂದು ಪಕ್ಕದ ಅರೋರಾ ಊರಿನ ಒಂದು ದೇವಸ್ಥಾನಕ್ಕೆ ಕರೆದುಕೊಂಡು ಹೋದೆ. ಅಂದು ಕಲ್ಯಾಣೋತ್ಸವ. ಜನವೋ ಜನ. ಆಕೆ ಬೂಟು ಬಿಡುವ ಕೋಣೆಯಲ್ಲೇ ನಿಂತುಬಿಟ್ಟರು.

"ಇದನ್ನು ಯಾರು ಜೋಡಿಸಿದ್ದು?" ಎಂದು ಪಿಸುಗುಟ್ಟಿದರು.

"ಯಾರೂ ಜೋಡಿಸಿಲ್ಲ, ಜನ ಬಿಟ್ಟು ಹೋಗಿದಾರೆ."

"ಅದ್ಭುತ. ನೀವು ಒಳಗೆ ಹೋಗಿ. ನಾನು ಇಲ್ಲೇ ಇರುತ್ತೇನೆ."

ನನಗೇನು ಗೊತ್ತು? ಒಳಗೆ ಹೋಗಿ ದರ್ಶನ ಮಾಡಿ, ನನ್ನ ಕೆಲಸ ಪರ್ಮನೆಂಟ್ ಆಗಲಿ ಎಂದು ಕೈ ಮುಗಿದು, ಎರಡು ಪುಳಿಯೋಗರೆ ಪೊಟ್ಟಣ ಹಿಡಿದು ಒಂದು ಗಂಟೆಯ ಮೇಲೆ ಹೊರಗೆ ಬಂದೆ. ಅಷ್ಟರಲ್ಲಿ ಆಕೆ ಮುನ್ನೂರು ಜೊತೆ ಚಳಿಗಾಲದ ಬೂಟುಗಳನ್ನು ಚಿಕ್ಕದರಿಂದ ದೊಡ್ಡದರವರೆಗೆ ಸಾಲಾಗಿ ಜೋಡಿಸಿದ್ದರು. ಎಡಗಾಲಿನವು ಎಡಗೋಡೆಗೆ, ಬಲಗಾಲಿನವು ಬಲಗೋಡೆಗೆ. ನಡುವೆ ಕ್ಯಾಮೆರಾ. ಒಬ್ಬ ವಾಲಂಟಿಯರ್ ಅಂಕಲ್ ಭಕ್ತಿಯಿಂದ ನೋಡುತ್ತ ನಿಂತಿದ್ದರು. "ಎಂಥ ಸೇವಾ ಮನೋಭಾವ ನೋಡಿ! ನಮ್ಮ ಮಕ್ಕಳಿಗೆ ತಮ್ಮ ಬೂಟ್ ತಾವು ಎತ್ತಿಡಿ ಅಂದ್ರೆ ಆಗಲ್ಲ" ಎಂದು ಆಕೆಗೆ ಊಟದ ಮೊದಲ ಪಂಕ್ತಿಯ ಚೀಟಿ ಬೇರೆ ಕೊಟ್ಟಿದ್ದರು.

ಮಹಾಮಂಗಳಾರತಿ ಮುಗಿದು ಬಾಗಿಲು ತೆರೆಯಿತು. ಆಮೇಲೆ ಆದದ್ದನ್ನು ನಾನು ಬರೆಯುವುದಿಲ್ಲ. ಮೂವತ್ತು ವರ್ಷದಿಂದ ಕಂಪ್ಯೂಟರ್ ಪ್ರೋಗ್ರಾಮಿನ ಸಾಲುಗಳನ್ನು ಸರಿಪಡಿಸುತ್ತಿರುವ ಗಂಡಸರೆಲ್ಲ ಎರಡು ಕಾಲಿಗೆ ಎರಡು ಬೂಟು ಹೊಂದಿಸಲು ಮುಕ್ಕಾಲು ಗಂಟೆ ತೆಗೆದುಕೊಂಡರು. ನಾನು ಆಕೆಯನ್ನು ಕಾರಿಗೆ ದಬ್ಬುತ್ತಿದ್ದಾಗ ವಯಸ್ಸಾದ ಅಂಕಲ್ ಒಬ್ಬರು ಕೋಲೂರಿಕೊಂಡು ಹಿಂದೆಯೇ ಬಂದರು. ಬೈಸಿಕೊಳ್ಳಲು ತಯಾರಾಗಿ ನಿಂತೆ. ಅವರು ಮೆಲ್ಲಗೆ ಹೇಳಿದರು.

"ಊರಲ್ಲಿ ದೇವಸ್ಥಾನಕ್ಕೆ ಹೋಗಿ ಎಷ್ಟೋ ಸಲ ಬರಿಗಾಲಲ್ಲಿ ವಾಪಸ್ ಬಂದಿದೀನಮ್ಮ. ಹೋದಾಗಿನದಕ್ಕಿಂತ ಒಳ್ಳೇ ಬೂಟ್ ಸಿಕ್ಕಿದ್ದು ಇದೇ ಮೊದಲು. ಈ ತಾಯಿ ಮತ್ತೆ ಯಾವಾಗ ಬರ್ತಾರೆ?"

ಸಮುದಾಯ ಬೇಕಾಗಿದೆ

ಮಾರ್ಚಿನಲ್ಲಿ ಮುಖ್ಯ ಪ್ರದರ್ಶನ. ನಮ್ಮ ಸಭಾಂಗಣದ ಕಿರುವೇದಿಕೆಯ ಮೇಲೆ ಒಂದು ಕುರ್ಚಿ. ಹಿಂದಿನ ಗೋಡೆಯ ಮೇಲೆ ನಮ್ಮ ಲೇಕಿನ ವಿಡಿಯೋ. ಬೆಳಿಗ್ಗೆ ಹನ್ನೊಂದರಿಂದ ಸಂಜೆ ಐದರವರೆಗೆ, ಆರು ಗಂಟೆ, ಕಲಾವಿದೆ ಕುರ್ಚಿಯಲ್ಲಿ ಮಾತಿಲ್ಲದೆ ಕೂರುತ್ತಾರೆ. ನೇರ ಪ್ರಸಾರ ಫಿನ್‌ಲ್ಯಾಂಡಿನ ಹೆಲ್ಸಿಂಕಿಗೆ.

ಡೈರೆಕ್ಟರು ಗಂಭೀರವಾಗಿ ಎರಡು ಮಾತು ಹೇಳಿದರು. ಒಂದು, ಆಕೆಯ ಬಾಯಿಂದ ಒಂದು ಪದ ಬಂದರೂ ಕೃತಿ ಸತ್ತಂತೆ, ಕೃತಿಯ ಜೊತೆ ನನ್ನ ಪರ್ಮನೆಂಟೂ. ಎರಡು, ಅನುದಾನ ಕೊಟ್ಟವರು ವಲಸೆ ಬಂದ ಸಮುದಾಯದವರು ಐವತ್ತು ಜನರಾದರೂ ನೋಡಬೇಕು ಎಂದು ಷರತ್ತು ಹಾಕಿದ್ದಾರೆ. "ನಿಮ್ಮ ಸಮುದಾಯವನ್ನು ತನ್ನಿ" ಎಂದರು. ಫ್ರಿಜ್ಜಿನಿಂದ ಮೊಸರು ತನ್ನಿ ಎಂದ ಹಾಗೆ.

ನಮ್ಮ ಕಡೆಯ ಕನ್ನಡ ಸಂಘದ ಅಧ್ಯಕ್ಷರಿಗೆ ಫೋನ್ ಮಾಡಿದೆ. ಒಳ್ಳೆಯ ಮನುಷ್ಯ. ಮೈಕು ಕೈಗೆ ಸಿಗದಿದ್ದಾಗ ಇನ್ನೂ ಒಳ್ಳೆಯವರು.

"ಪಾರ್ಕಿಂಗ್ ಫ್ರೀನಾ ಮೇಡಂ?"

"ಫ್ರೀ ಸಾರ್."

"ಊಟ ನಾವೇ ತಂದ್ರೆ ಬಿಡ್ತಾರಾ? ಪುಳಿಯೋಗರೆ, ಮೊಸರನ್ನ ಸಾಕು. ಅಂದ್ಹಾಗೆ ಏನ್ ಕಾರ್ಯಕ್ರಮ?"

"ಫಿನ್‌ಲ್ಯಾಂಡಿಂದ ಒಬ್ರು ದೊಡ್ಡ ಕಲಾವಿದೆ ಬಂದಿದಾರೆ ಸಾರ್. ವೇದಿಕೆ ಮೇಲೆ ಕುರ್ಚಿಯಲ್ಲಿ ಕೂತಿರ್ತಾರೆ. ಏನೂ ಮಾತಾಡಲ್ಲ. ಕೊನೇವರೆಗೂ ಕೂತಿರ್ತಾರೆ."

"ಹೂಂ, ಹೂಂ. ಅರ್ಥ ಆಯ್ತು. ಚೀಫ್ ಗೆಸ್ಟು."

ತಮಾಷೆ ಮಾಡುತ್ತಿದ್ದಾರೆ ಎಂದುಕೊಂಡು ನಾನು ಜೋರಾಗಿ ನಕ್ಕೆ. ಆ ನಗುವಿನ ಫಲ ಮುಂದೆ ಇದೆ.

ಎರಡು ಮಾತು

ಹನ್ನೊಂದಕ್ಕೆ ಕಲಾವಿದೆ ಬೂದು ಉಡುಪಿನಲ್ಲಿ ಬಂದು ಕೂತರು. ಮುಂದಿನ ಸಾಲಿನಲ್ಲಿ ಚಿಕಾಗೋದಿಂದ ಬಂದ ವಿಮರ್ಶಕಿಯೊಬ್ಬರು ನೋಟ್‌ಬುಕ್ ತೆರೆದುಕೊಂಡು ಆಕಳಿಸುತ್ತಿದ್ದರು. ಹನ್ನೆರಡೂವರೆಗೆ ಕನ್ನಡ ಸಂಘದವರು ಬಂದರು. ರೇಷ್ಮೆ ಸೀರೆ, ಜುಬ್ಬ, ಸುಮಾರು ಎಪ್ಪತ್ತು ಜನ. ಇಷ್ಟೊಂದು ಅಲಂಕಾರ ಯಾಕೆ ಎಂದು ಆಗಲೇ ನನಗೆ ಅನುಮಾನ ಬರಬೇಕಿತ್ತು. ಆದರೆ ಹಿಂಬಾಗಿಲಲ್ಲಿ ಪುಳಿಯೋಗರೆ ಟ್ರೇಗಳು ಬಂದಿವೆ ಎಂದು ಯಾರೋ ಕರೆದರು, ಹೋದೆ.

ಹದಿನೈದು ನಿಮಿಷದ ಮೇಲೆ ಬಂದು ನೋಡಿದರೆ ಜೀವ ಬಾಯಿಗೆ ಬಂತು. ವೇದಿಕೆಯ ಮೇಲೆ ಬ್ಯಾನರ್ ಏರಿದೆ. ಕಲಾವಿದೆಯ ಅಕ್ಕಪಕ್ಕ ಎರಡು ಕುರ್ಚಿ ಬಂದಿವೆ. ಇಬ್ಬರು ಆಂಟಿಯರು ಗಣಪತಿಯ ಪ್ರಾರ್ಥನೆ ಹಾಡುತ್ತಿದ್ದಾರೆ. ಅಧ್ಯಕ್ಷರು ತಮ್ಮದೇ ಮೈಕು, ತಮ್ಮದೇ ಸ್ಪೀಕರು ತಂದಿದ್ದಾರೆ.

ಓಡಿಹೋಗಿ ನಿಲ್ಲಿಸೋಣವೆಂದರೆ ಡೈರೆಕ್ಟರು ಬಂದು ನನ್ನ ತೋಳು ಹಿಡಿದರು. ಮುಖ ಬಿಳುಚಿಕೊಂಡಿತ್ತು. "ಇದು ನೀವು ಯೋಜಿಸಿದ್ದಾ?" ಎಂದು ಪಿಸುಗುಟ್ಟಿದರು. ಅಷ್ಟರಲ್ಲಿ ನಮ್ಮಿಬ್ಬರಿಗೂ ವಿಮರ್ಶಕಿ ಕಂಡರು. ಆಕೆ ಆಕಳಿಸುವುದನ್ನು ಬಿಟ್ಟು, ಪುಟದ ಮೇಲೆ ಪುಟ ಬರೆಯುತ್ತಿದ್ದರು. ಒಂದು ಕ್ಷಣ ಯೋಚಿಸಿದೆ. ಎಂಟು ವರ್ಷ ಮನೆಯಲ್ಲಿ ಕೂತದ್ದು ನೆನಪಾಯಿತು.

"ಹೌದು" ಎಂದೆ.

ಸ್ವಾಗತ ಆಯಿತು. ಬ್ಯಾಟರಿ ದೀಪ ಬೆಳಗಿದ್ದಾಯಿತು. ಕಲಾವಿದೆಯ ತಲೆಗೆ ಮೈಸೂರು ಪೇಟ ಏರಿತು, ಹೆಗಲಿಗೆ ಶಾಲು, ಕೊರಳಿಗೆ ಹಾರ, ಮಡಿಲಿಗೆ ಹಣ್ಣಿನ ಬುಟ್ಟಿ. ಬುಟ್ಟಿಯ ಮೇಲೆ ನೆನಪಿನ ಕಾಣಿಕೆ. ಆಕೆ ರೆಪ್ಪೆ ಮಿಟುಕಿಸಲಿಲ್ಲ. ಫೋಟೋಗೆ ಮೊದಲು ಹೆಂಗಸರು ನಿಂತರು, ಆಮೇಲೆ ಗಂಡಸರು, ಮಕ್ಕಳು, ಕೊನೆಗೆ ಒಬ್ಬರ ಮುಖ ಒಬ್ಬರು ನೋಡದ ಮಾಜಿ ಅಧ್ಯಕ್ಷರುಗಳು. ನನ್ನ ಪಕ್ಕದ ಆಂಟಿ ಕರಗಿಹೋದರು. "ಎಷ್ಟು ವಿನಯ ಅಲ್ವೇನೇ? ನಮ್ಮ ಊರಿನ ಗೆಸ್ಟುಗಳು ಶಾಲು ಬಿದ್ದ ತಕ್ಷಣ ಇನ್ನೊಂದು ಪ್ರೋಗ್ರಾಮ್ ಇದೆ ಅಂತ ಎದ್ದು ಓಡ್ತಾರೆ."

ಅನಂತರ ಅಧ್ಯಕ್ಷರ ಭಾಷಣ. ಕಲಾವಿದೆಗೂ ತಿಳಿಯಲಿ ಎಂದು ಅರ್ಧ ಕನ್ನಡ, ಅರ್ಧ ಇಂಗ್ಲಿಷ್. "ಇವರ ಬಗ್ಗೆ ಹೇಳೋದಕ್ಕೆ ಪದಗಳೇ ಇಲ್ಲ" ಎಂದು ಶುರು ಮಾಡಿ ನಲವತ್ತು ನಿಮಿಷ ಹೇಳಿದರು. ಫಿನ್‌ಲ್ಯಾಂಡಿನ ಹಿಮಕ್ಕೂ ಮೈಸೂರಿನ ಮಲ್ಲಿಗೆಗೂ ಬಣ್ಣ ಒಂದೇ ಎಂದರು. ಗೋಡೆಯ ಮೇಲಿನ ವಿಡಿಯೋ ತೋರಿಸಿ, ಅತಿಥಿಗಳು ಮಾಘಸ್ನಾನದ ಮಹತ್ವ ಬಲ್ಲವರು ಎಂದರು. ಏಳು ಸಲ "ಕೊನೆಯದಾಗಿ ಒಂದೇ ಮಾತು" ಎಂದರು. ಪ್ರತಿ ಸಲವೂ ಸಭೆ ನಂಬಿತು, ಚಪ್ಪಾಳೆ ಹೊಡೆಯಿತು, ಅವರು ಮುಂದುವರಿಸಿದರು.

ಎಂಟನೆಯ ಸಲ ಅವರು ಅಂದದ್ದು ಬೇರೆ. "ಈಗ ನಮ್ಮ ಮುಖ್ಯ ಅತಿಥಿಗಳು ತಮ್ಮ ಎರಡು ಮಾತುಗಳನ್ನು ಹೇಳಬೇಕು."

ಮೈಕು ಕಲಾವಿದೆಯ ಬಾಯಿಯ ಹತ್ತಿರ ಹೋಯಿತು. ಸಭೆ ನಿಶ್ಶಬ್ದ. ಡೈರೆಕ್ಟರ ಉಗುರು ನನ್ನ ತೋಳಿಗೆ ಇಳಿಯಿತು. ಒಂದು ನಿಮಿಷ. ಎರಡು ನಿಮಿಷ. ನಮ್ಮವರು ಬಿಡುವವರಲ್ಲ. "ಸಂಕೋಚ ಬೇಡ, ಎರಡೇ ಮಾತು" ಎಂದು ಅಧ್ಯಕ್ಷರು ಮೈಕನ್ನು ಇನ್ನೂ ಹತ್ತಿರ ಒತ್ತಿದರು. ಹಿಂದಿನಿಂದ ಯಾರೋ ಹುರಿದುಂಬಿಸಲು ಚಪ್ಪಾಳೆ ಶುರು ಮಾಡಿದರು.

ಕಲಾವಿದೆಯ ತುಟಿ ಅಲುಗಿತು. ಬಾಯಿ ಮೆಲ್ಲಗೆ ತೆರೆಯಿತು. ಹೋಯಿತು ಕೆಲಸ, ಹೋಯಿತು ಹೆಸರಿನ ಬಿಲ್ಲೆ, ನಾಳೆಯಿಂದ ಮತ್ತೆ ಇಂಥವರ ಹೆಂಡತಿ ಎಂದು ಕಣ್ಣು ಮುಚ್ಚಿಕೊಂಡೆ.

ಏನೂ ಕೇಳಲಿಲ್ಲ. ಕಣ್ಣು ತೆರೆದರೆ ಬಾಯಿ ಇನ್ನೂ ತೆರೆದೇ ಇತ್ತು. ಆಕೆ ಆಕಳಿಸುತ್ತಿದ್ದರು. ನಿಧಾನವಾಗಿ, ಹಿಂದಿನ ಹಲ್ಲು ಕಾಣುವಷ್ಟು ದೊಡ್ಡದಾಗಿ ಆಕಳಿಸಿ, ಬಾಯಿ ಮುಚ್ಚಿದರು.

ಅಧ್ಯಕ್ಷರು ಅನುಭವಸ್ಥರು. ಒಂದು ಕ್ಷಣವೂ ತಡವರಿಸಲಿಲ್ಲ. "ಸಮಯದ ಅಭಾವವನ್ನು ಸೂಚ್ಯವಾಗಿ ತಿಳಿಸಿದ ಅತಿಥಿಗಳಿಗೆ ಧನ್ಯವಾದಗಳು" ಎಂದರು. ನಮ್ಮ ಸಂಘದಲ್ಲಿ ಯಾವ ಅತಿಥಿಯೂ ಇಷ್ಟು ಚುಟುಕಾಗಿ ಮುಗಿಸಿರಲಿಲ್ಲ. ಎಪ್ಪತ್ತು ಜನ ಎದ್ದು ನಿಂತು ಚಪ್ಪಾಳೆ ಹೊಡೆದರು. ವಂದನಾರ್ಪಣೆ ಮುಗಿಸಿ ಪುಳಿಯೋಗರೆ ಕಡೆ ನಡೆದರು. ಕಲಾವಿದೆ ಪೇಟ, ಹಾರ, ಬುಟ್ಟಿ ಸಮೇತ ಐದು ಗಂಟೆಯವರೆಗೆ ಕೂತೇ ಇದ್ದರು.

ವಿಮರ್ಶೆ ಸೋಮವಾರ ಬಂತು. ಡೈರೆಕ್ಟರು ಎಲ್ಲರನ್ನೂ ಕೂರಿಸಿ ಓದಿದರು. "ಮೌನದ ಎದುರು ಆ ಪುರುಷ ಕಲಾವಿದ ಏಳು ಬಾರಿ ಅಂತ್ಯವನ್ನು ಘೋಷಿಸಿ ಏಳು ಬಾರಿಯೂ ಅದನ್ನು ನಿರಾಕರಿಸುತ್ತಾನೆ. ಸಾವಿನ ಬಗೆಗಿನ ಆಧುನಿಕ ಮನುಷ್ಯನ ಭಯವನ್ನು ಇಷ್ಟು ನಿರ್ದಯವಾಗಿ ತೋರಿಸಿದ ಕೃತಿಯನ್ನು ನಾನು ನೋಡಿಲ್ಲ" ಎಂದಿತ್ತು. ಇದನ್ನು ಅಧ್ಯಕ್ಷರಿಗೆ ಫೋನಿನಲ್ಲಿ ಓದಿ ಹೇಳಿದೆ. "ನಂದು ಇನ್ನೂ ಎರಡು ಪಾಯಿಂಟ್ ಉಳಿದಿತ್ತು ಮೇಡಂ" ಎಂದು ಬೇಜಾರು ಮಾಡಿಕೊಂಡರು. ಅದೇ ಮಧ್ಯಾಹ್ನ ಡೈರೆಕ್ಟರು ನನ್ನ ಪರ್ಮನೆಂಟ್ ಪತ್ರಕ್ಕೆ ಸಹಿ ಹಾಕಿದರು. ನನ್ನ "ಧೈರ್ಯದ ಯೋಜನೆ"ಯನ್ನು ಹೊಗಳಿದರು. ನಾನು ತಲೆ ಬಗ್ಗಿಸಿ ಒಪ್ಪಿಕೊಂಡೆ. ಪತ್ರವನ್ನು ಕಾರಿನಲ್ಲಿ ಕೂತು ನಾಲ್ಕು ಸಲ ಓದಿ, ಚೆನ್ನಾಗಿ ಅತ್ತೆ.

ಮರುದಿನ ಕಲಾವಿದೆಯನ್ನು ಏರ್‌ಪೋರ್ಟಿಗೆ ಬಿಡಲು ಹೊರಟೆ. ಅದೇ ಇಪ್ಪತ್ತೈದು ಮೈಲಿ. ಈ ಸಲ ನಾನೂ ಬಾಯಿ ಬಿಡಲಿಲ್ಲ. ಆರು ಗಂಟೆಯ ಕೃತಿಯನ್ನು ನಮ್ಮವರು ಸನ್ಮಾನ ಮಾಡಿ ಮುಗಿಸಿದ್ದರು, ಆಕೆಗೆ ಎಷ್ಟು ಕೋಪವಿದೆಯೋ ಗೊತ್ತಿರಲಿಲ್ಲ. ಹಿಂದಿನ ಸೀಟಿನಲ್ಲಿ ಪೇಟ ಮಾತ್ರ ಜೋಪಾನವಾಗಿ ಕೂತಿತ್ತು.

ಇಳಿದು, ಒಂದು ಕೈಯಲ್ಲಿ ಚೀಲ, ಇನ್ನೊಂದರಲ್ಲಿ ಪೇಟ ಹಿಡಿದು, ಆಕೆ ಕಾರಿನ ಕಿಟಕಿಗೆ ಬಗ್ಗಿದರು.

"ಒಂದೇ ಪ್ರಶ್ನೆ ಕೇಳುತ್ತೇನೆ. ನಿಮ್ಮ ಮನೆ ಹಿಂದಿನ ಗುಂಡಿಯಲ್ಲಿ ನಾನು ಆರು ನಿಮಿಷ ಕೂರುವಷ್ಟರಲ್ಲಿ ಯಾರೋ ಪುಣ್ಯಾತ್ಮರು 911ಕ್ಕೆ ಫೋನ್ ಮಾಡಿದರು."

"ಹೌದು" ಎಂದೆ.

"ಆ ಮನುಷ್ಯ ನಲವತ್ತು ನಿಮಿಷ ಮಾತಾಡಿದ. ಸಭಾಂಗಣದಲ್ಲಿ ಎಪ್ಪತ್ತು ಜನ ಇದ್ದರು, ಎಲ್ಲರ ಕೈಯಲ್ಲೂ ಫೋನ್ ಇತ್ತು. ಒಬ್ಬರೂ ಯಾಕೆ ಮಾಡಲಿಲ್ಲ?"